ಸಾಲು ಕೊಡುವವಳು

ಆಗಸ್ಟ್ 18, ಸೋಮವಾರ. ಕಾಪೆಲ್, ಟೆಕ್ಸಸ್

ಕೆಲಸ ಹೋದ ಮೇಲೆ ಹಗಲು ಹೊತ್ತು ಮನೆಯಲ್ಲಿರುವುದು ಇನ್ನೂ ರೂಢಿಯಾಗಿಲ್ಲ. ಜೂನ್‌ನಲ್ಲಿ ನಮ್ಮ ಸಾಫ್ಟ್‌ವೇರ್ ಟೆಸ್ಟಿಂಗ್ ಟೀಮನ್ನು ಪೂರ್ತಿ ತೆಗೆದರು. ನಿನ್ನೊಬ್ಬಳದೇ ಅಲ್ಲವಲ್ಲ ಎಂದು ಎಲ್ಲರೂ ಸಮಾಧಾನ ಹೇಳಿದರು. ನನ್ನ ಗಂಡ ಜಯತೀರ್ಥ ಜನವರಿಯಲ್ಲೇ ಕಂಪ್ಯೂಟರ್ ಚಿಪ್ ಫ್ಯಾಕ್ಟರಿಯ ಕೆಲಸಕ್ಕೆ ಆಸ್ಟಿನ್ ಹತ್ತಿರದ ಟೇಲರ್ ಎಂಬ ಊರಿಗೆ ಶಿಫ್ಟ್ ಆದರು. ಮೊದಮೊದಲು ಪ್ರತಿ ಶನಿವಾರ ಬರುತ್ತಿದ್ದರು. ಈಗ ಹಬ್ಬಕ್ಕೆ, ಇಲ್ಲವೇ ಹುಲ್ಲು ಕತ್ತರಿಸುವ ಮೆಷಿನ್ ಕೆಟ್ಟರೆ ಬರುತ್ತಾರೆ. ಮಗಳು ಸಂಹಿತಾ ಹ್ಯೂಸ್ಟನ್‌ನಲ್ಲಿ ಫಿಸಿಯೋಥೆರಪಿಸ್ಟ್. ಇಷ್ಟು ದೊಡ್ಡ ಮನೆಯಲ್ಲಿ ನಾನೊಬ್ಬಳೇ. ಇದನ್ನು ದುಃಖ ಎಂದು ಬರೆಯುತ್ತಿಲ್ಲ. ಇರುವುದು ಹೀಗೆ.

ಇವತ್ತು ಪಕ್ಕದ ಮನೆಯ ನೋಲೀನ್ ಗ್ಯಾರಟಿ ಬಂದು ಬಾಗಿಲು ತಟ್ಟಿದರು. ಎಷ್ಟೋ ವರ್ಷದಿಂದ ಪಕ್ಕದಲ್ಲಿದ್ದರೂ ಕಸದ ಡಬ್ಬಿ ಒಳಗೆಳೆದುಕೊಳ್ಳುವಾಗ ಕೈ ಬೀಸಿದ್ದಷ್ಟೇ ನಮ್ಮ ಪರಿಚಯ. ಆಸ್ಟ್ರೇಲಿಯಾದವರು, ಒಂದು ಕಾಲದಲ್ಲಿ ಅಲ್ಲಿ ಹೆಸರಾಂತ ನಟಿ ಎಂದು ಯಾರೋ ಹೇಳಿದ್ದರು. ಎಪ್ಪತ್ತೆಂಟು ವಯಸ್ಸು. ಬೆನ್ನು ನೆಟ್ಟಗಿದೆ. ಒಳಗೆ ಕರೆದರೂ ಬರದೆ ಹೊಸಿಲಾಚೆಯೇ ನಿಂತು, "ಹಗಲು ಹೊತ್ತೂ ನಿನ್ನ ಕಾರು ಇಲ್ಲೇ ಇರೋದು ನೋಡ್ತಿದೀನಿ. ನಿನಗೆ ಗಟ್ಟಿಯಾಗಿ ಓದೋಕೆ ಬರುತ್ತಾ?" ಎಂದು ಕೇಳಿದರು.

ಅವರು ಹೇಳುವುದೆಲ್ಲ ಇಂಗ್ಲಿಷಿನಲ್ಲಿ. ನಾನು ಕನ್ನಡದಲ್ಲೇ ಬರೆದುಕೊಳ್ಳುತ್ತೇನೆ.

ವಿಷಯ ಇಷ್ಟು. ಅವರಿಗೆ ಬಹಳ ದಿನದ ಮೇಲೆ ಒಂದು ನಾಟಕ ಸಿಕ್ಕಿದೆ. ಒಬ್ಬ ಮುದುಕಿ ತನ್ನ ಮನೆ ಮಾರಲು ಕೂತಿದ್ದಾಳೆ, ಕೊಳ್ಳಲು ಬಂದವನು ಕೋಣೆ ಕೋಣೆ ನೋಡುತ್ತ ಪ್ರಶ್ನೆ ಕೇಳುತ್ತಾನೆ. ಎರಡೇ ಪಾತ್ರ. ಡೀನಾ ಎಂಬ ಆಸ್ಟಿನ್ ಹುಡುಗಿ ಬರೆದು ತಾನೇ ನಿರ್ದೇಶಿಸುತ್ತಿದ್ದಾಳೆ, ಅವಳ ಮೊದಲ ನಾಟಕವಂತೆ. ಡಾಲಸ್, ಹ್ಯೂಸ್ಟನ್, ಆಸ್ಟಿನ್‌ಗಳ ಸಣ್ಣ ಥಿಯೇಟರುಗಳಲ್ಲಿ ಆಟ. ನೋಲೀನ್‌ಗೆ ಸಾಲು ಬಾಯಿಪಾಠ ಮಾಡಿಸಲು ಒಬ್ಬರು ಬೇಕು, ಕಾರು ಓಡಿಸಲೂ ಒಬ್ಬರು ಬೇಕು. ಆಗಲಿ ಎಂದೆ. ಯಾಕೆ ಎಂದೆನೋ ತಿಳಿಯದು. ಸುಪ್ರಜಾ ಎನ್ನಲು ಎರಡು ಸಲ ಪ್ರಯತ್ನಿಸಿ, "ಸೂ ಸಾಕು" ಎಂದು ಹೊರಟರು.

ಆಗಸ್ಟ್ 22, ಶುಕ್ರವಾರ

ಬೆಳಿಗ್ಗೆ ಅವರ ಮನೆಯಲ್ಲಿ ಓದು. ಕೊಳ್ಳಲು ಬಂದವನ ಮಾತು ನಾನು ಓದುತ್ತೇನೆ, ಮುದುಕಿಯ ಮಾತು ಅವರು ಹೇಳುತ್ತಾರೆ. ಎಲ್ಲಾದರೂ ನಿಂತರೆ ಮುಂದಿನ ಪದ ನಾನು ಕೊಡಬೇಕು. ಈ ಕೆಲಸ ನನಗೆ ಸಲೀಸು. ಯಾರಾದರೂ ಮಾತಿನ ನಡುವೆ ಸಿಕ್ಕಿಕೊಂಡರೆ ನನ್ನ ಬಾಯಿ ತಾನಾಗಿ ತೆರೆಯುತ್ತದೆ. ಜಯತೀರ್ಥರಿಗೆ ಚಿಕ್ಕಂದಿನಿಂದ ತೊದಲು. ಹೋಟೆಲಿನಲ್ಲಿ, ಡಾಕ್ಟರ ಹತ್ತಿರ, ಸಂಹಿತಾಳ ಸ್ಕೂಲಿನಲ್ಲಿ ಎಲ್ಲ ಕಡೆಯೂ ಅವರ ವಾಕ್ಯ ನಿಂತಲ್ಲಿಂದ ನಾನು ಎತ್ತಿಕೊಂಡು ಮುಗಿಸುತ್ತ ಬಂದಿದ್ದೇನೆ. ಅವರಿಗೆ ಕಷ್ಟವಾಗಬಾರದಲ್ಲ.

ಚಹಾ ಕುಡಿಯುವಾಗ ನೋಲೀನ್ ತಮ್ಮ ಕತೆ ಹೇಳಿದರು. ಹುಟ್ಟಿದ್ದು ಬೆಂಡಿಗೊ ಎಂಬ ಊರು. ತಂದೆ ಗಾಡಿಯಲ್ಲಿ ಬ್ರೆಡ್ ಮಾರುತ್ತಿದ್ದರು. ಸ್ಕೂಲು ಮುಗಿಯುತ್ತಲೇ ಊರೂರು ಸುತ್ತುವ ನಾಟಕದ ಕಂಪನಿಯೊಂದಕ್ಕೆ ಸೇರಿಕೊಂಡರು. ಕುರಿಯ ಉಣ್ಣೆ ಕತ್ತರಿಸುವ ಶೆಡ್ಡುಗಳಲ್ಲೂ ನಾಟಕ ಆಡಿದ್ದಾರಂತೆ. ಮೊದಲ ಪಾತ್ರಕ್ಕೆ ಮಾತೇ ಇರಲಿಲ್ಲ, ಒಂದು ಟ್ರೇ ಹಿಡಿದು ಬಂದು ಇಟ್ಟು ಹೋಗುವುದು. "ಟ್ರೇ ಇಡೋದನ್ನೇ ಎಷ್ಟು ಹೊತ್ತು ಮಾಡ್ತಿದ್ದೆ ಅಂದ್ರೆ ಹೀರೋಯಿನ್‌ಗೆ ಕೋಪ ಬಂತು," ಎಂದು ನಕ್ಕರು.

ನಾಟಕದ ಮೊದಲ ಭಾಗ ಪೂರ್ತಿ ಬರುತ್ತದೆ. ಎರಡನೆಯ ಭಾಗ ನಿನ್ನೆ ಬಂದದ್ದು ಇವತ್ತಿಲ್ಲ.

ಆಗಸ್ಟ್ 30, ಶನಿವಾರ

ಇದೇ ಊರಿನ ಹೊನ್ನಮ್ಮ ಆಂಟಿ ಮನೆಯಲ್ಲಿ ಗಣೇಶನ ಹಬ್ಬ. ಹಬ್ಬ ಬುಧವಾರವೇ ಆಯಿತು, ಆದರೆ ರಜೆ ಎಲ್ಲರಿಗೂ ಇವತ್ತು. ಜಯತೀರ್ಥ ಬಂದಿದ್ದರು, ಸಂಹಿತಾಳೂ ಹ್ಯೂಸ್ಟನ್‌ನಿಂದ ಬಂದಿದ್ದಳು. ಮೂವರೂ ಒಟ್ಟಿಗೆ ಹೋದದ್ದು ನೋಡಿ ಆಂಟಿ ಏನೋ ಲೆಕ್ಕ ಹಾಕಿ ಸಮಾಧಾನಪಟ್ಟ ಹಾಗೆ ಕಂಡಿತು.

ಹುಬ್ಬಳ್ಳಿಯ ಬಸವರಾಜ್ ಊಟದ ಸಾಲಿನಲ್ಲಿ, "ಏನ್ರಿ ಜಯತೀರ್ಥ, ಟೇಲರ್ ಹೆಂಗ ಅದ? ಮನಿ ಹಿಡದೀರೇನು?" ಎಂದರು. ಜಯತೀರ್ಥ ಉತ್ತರಕ್ಕೆ ತೊಡಗಿ ಮೊದಲ ಅಕ್ಷರದಲ್ಲೇ ನಿಂತರು. ಹಿಂದೆ ಜನ ಪ್ಲೇಟು ಹಿಡಿದು ಕಾಯುತ್ತಿದ್ದರು. ಅಪಾರ್ಟ್‌ಮೆಂಟ್ ತಗೊಂಡಿದ್ದಾರೆ, ಫ್ಯಾಕ್ಟರಿ ಹತ್ತಿರವೇ, ಕೆಲಸ ಜಾಸ್ತಿ, ಅದಕ್ಕೇ ವಾರ ವಾರ ಬರಲಾಗುವುದಿಲ್ಲ ಎಂದು ನಾನು ಹೇಳಿದೆ. ಜಯತೀರ್ಥ ತಲೆಯಾಡಿಸಿ ಕೋಸಂಬರಿ ಹಾಕಿಕೊಂಡು ಮುಂದೆ ಹೋದರು.

ಕಾರಿನಲ್ಲಿ ಸಂಹಿತಾ, "ಅಮ್ಮಾ, ಲೆಟ್ ಹಿಮ್ ಫಿನಿಶ್. ಜಸ್ಟ್ ಒನ್ಸ್," ಎಂದಳು. ಜಯತೀರ್ಥ ಕಿಟಕಿಯಾಚೆ ನೋಡುತ್ತಿದ್ದರು. ಇವಳು ಮಗುವಾಗಿದ್ದಾಗ ಅವರು ತೊದಲಿದರೆ ಜನ ಹೇಗೆ ಮುಖ ಮುಖ ನೋಡಿಕೊಳ್ಳುತ್ತಿದ್ದರು ಎಂಬುದು ಇವಳಿಗೆ ಗೊತ್ತಿಲ್ಲ.

ಸೆಪ್ಟೆಂಬರ್ 6, ಶನಿವಾರ

ಡಾಲಸ್‌ನಲ್ಲಿ ರಿಹರ್ಸಲ್. ಕೊಳ್ಳುವವನ ಪಾತ್ರದ ಕರ್ಟಿಸ್ ಒಳ್ಳೆಯ ಮನುಷ್ಯ. ನೋಲೀನ್ ಎರಡನೆಯ ಭಾಗದಲ್ಲಿ ಕುರ್ಚಿಯ ಬೆನ್ನು ಹಿಡಿದು ನಿಂತುಬಿಟ್ಟರು. ಒಂದು ಸಲವಲ್ಲ, ಮತ್ತೆ ಮತ್ತೆ. ಕೊನೆಗೆ ಡೀನಾ ಎಲ್ಲರಿಗೂ ಬ್ರೇಕ್ ಕೊಟ್ಟು ನನ್ನನ್ನು ಹೊರಗೆ ಕರೆದಳು. ಹುಡುಗಿಯ ಕಣ್ಣು ಕೆಂಪಾಗಿತ್ತು. ಮನೆಯಲ್ಲಿ ಹೇಗೆ ಹೇಳುತ್ತಾರೆ ಎಂದು ಕೇಳಿದಳು. ಇದ್ದದ್ದು ಹೇಳಿದೆ. ಹಾಗಾದರೆ ಬೇರೆ ನಟಿಯನ್ನು ನೋಡಬೇಕಾಗುತ್ತದೆ ಎಂದಳು. ಅವಳ ತಪ್ಪೇನಿಲ್ಲ.

ನಾವು ಒಳಗೆ ಬರುವಷ್ಟರಲ್ಲಿ ನೋಲೀನ್ ತಾವೇ ದಾರಿ ಹುಡುಕಿದ್ದರು. ಕಿವಿಯೊಳಗೆ ಕೂರುವ ಸಣ್ಣ ಇಯರ್‌ಪೀಸ್, ಪರದೆಯ ಹಿಂದೆ ಮೈಕ್ ಹಿಡಿದು ನಾನು. ಮರೆತಲ್ಲಿ ಮೆಲ್ಲಗೆ ಸಾಲು ಕೊಡುವುದು. ದೊಡ್ಡ ದೊಡ್ಡವರೇ ಈಗ ಹಾಗೆ ಮಾಡುತ್ತಾರೆ ಎಂದು ಡೀನಾಗೆ ಹೇಳಿದರು. ಡೀನಾ ಬಹಳ ಹೊತ್ತು ಯೋಚಿಸಿ ಒಪ್ಪಿದಳು.

ವಾಪಸ್ ಬರುವಾಗ ಹೈವೇಯಲ್ಲಿ ಟ್ರಾಫಿಕ್ ನಿಂತಿತ್ತು. ನೋಲೀನ್ ಎದುರು ನೋಡುತ್ತಲೇ ಹೇಳಿದರು: "ಈ ನಾಟಕದಿಂದ ನನ್ನನ್ನ ಮನೆಗೆ ಕಳಿಸಿದರೆ ಸೂ, ನಾನು ಮನೆಯಲ್ಲೇ ಉಳಿದುಬಿಡ್ತೀನಿ. ಆಮೇಲೆ ಮನೆ ಯಾವುದು ಅನ್ನೋದೂ ಮರೆತುಹೋಗುತ್ತೆ." ಡಾಕ್ಟರು ಏನು ಹೇಳಿದ್ದಾರೆ ಎಂದು ಕೇಳಿದೆ. ಡಾಕ್ಟರು ಹೇಳಿದ್ದನ್ನೇ ಹೇಳಿದೆ ಎಂದರು.

ಸೆಪ್ಟೆಂಬರ್ 14, ಭಾನುವಾರ

ಡಾಲಸ್‌ನಲ್ಲಿ ಮೊದಲ ವಾರದ ಆಟಗಳು ಮುಗಿದವು. ಒಂದು ಸಾಲೂ ತಪ್ಪಲಿಲ್ಲ. ಅವರು ಉಸಿರು ತೆಗೆದುಕೊಳ್ಳುವ ಮೊದಲೇ ನನ್ನ ಪದ ಅವರ ಕಿವಿಯಲ್ಲಿರುತ್ತಿತ್ತು. ಹತ್ತೊಂಬತ್ತು ವರ್ಷ ಟೆಸ್ಟಿಂಗ್ ಮಾಡಿದವಳು ನಾನು, ತಪ್ಪು ಎಲ್ಲಿ ಆಗುತ್ತದೆ ಎಂದು ಮೊದಲೇ ತಿಳಿಯುತ್ತದೆ. ಡೀನಾ ನನ್ನನ್ನು ಅಪ್ಪಿಕೊಂಡಳು.

ಪತ್ರಿಕೆಯವರು ಮಾತ್ರ, ಸ್ಪಷ್ಟವಾದ ಆದರೆ ತಣ್ಣಗಿನ ಅಭಿನಯ ಎಂದು ಬರೆದರು.

ಕಾರು ಮನೆಯ ಮುಂದೆ ನಿಲ್ಲಿಸಿದ ಮೇಲೂ ನೋಲೀನ್ ಇಳಿಯಲಿಲ್ಲ. ಆಮೇಲೆ ಹೇಳಿದರು: "ಆ ಸಾಲು ನನಗೆ ಗೊತ್ತಿತ್ತು. ಕಿಟಕಿಯ ಸಾಲು. ನಾನು ಕಿಟಕಿ ನೋಡ್ತಾ ಇದ್ದೆ. ನೀನು ನನ್ನ ನಾಲಿಗೆ ಮೇಲಿಂದ ಎತ್ಕೊಂಡು ಹೋದೆ."

ಸಹಾಯವಾಗಲಿ ಎಂದು ಕೊಟ್ಟೆ ಎಂದೆ.

"ಸಹಾಯವೇ. ಈಗ ಬಾಯಿ ಮಾತ್ರ ನನ್ನದು."

ಅವರ ಕಾಲದಲ್ಲಿ ಮೆಲ್ಬರ್ನ್‌ನಲ್ಲಿ ಡಲ್ಸಿ ಎಂಬ ಪ್ರಾಂಪ್ಟರ್ ಇದ್ದಳಂತೆ. ಪರದೆಯ ಮೂಲೆಯಲ್ಲಿ ಸ್ಟೂಲಿನ ಮೇಲೆ ಕೂತು ಸ್ವೆಟರ್ ಹೆಣೆಯುತ್ತ ನಾಟಕ ನೋಡುವಳು. ಪುಸ್ತಕ ತೊಡೆಯ ಮೇಲೆ ಇದ್ದರೂ ಕಣ್ಣು ನಟರ ಎದೆಯ ಮೇಲೆ. ಉಸಿರು ಹಿಡಿದು ನಿಂತಿದ್ದರೆ ಅದು ನಟನೆ, ಉಸಿರು ಬಿಟ್ಟು ನಿಂತರೆ ಮರೆತದ್ದು. ಬಿಟ್ಟ ಮೇಲೆಯೇ ಅವಳು ಸಾಲು ಕೊಡುವುದು. ಎಷ್ಟೋ ರಾತ್ರಿ ಒಂದು ಪದವೂ ಆಡದೆ ಮನೆಗೆ ಹೋಗುತ್ತಿದ್ದಳಂತೆ. ಇಷ್ಟು ಹೇಳಿ ನೋಲೀನ್ ಇಳಿದು ಹೋದರು.

ಬೇಸರವಾಯಿತು. ಒಂದು ಸಾಲೂ ತಪ್ಪಿರಲಿಲ್ಲ.

ಸೆಪ್ಟೆಂಬರ್ 20, ಶನಿವಾರ

ಜಯತೀರ್ಥ ಬರಲಿಲ್ಲ. ಶಿಫ್ಟ್ ಇದೆ ಎಂದು ಮೆಸೇಜ್. ನನಗೂ ಆಟ ಇತ್ತು. ಬಂದಿದ್ದರೂ ಅಡುಗೆಗೆ ಪುರುಸೊತ್ತಿರಲಿಲ್ಲ.

ಸೆಪ್ಟೆಂಬರ್ 24, ಬುಧವಾರ. ಹ್ಯೂಸ್ಟನ್

ಈ ವರ್ಷ ಗೊಂಬೆ ಇಡಲಿಲ್ಲ. ಪೆಟ್ಟಿಗೆಗಳು ಗ್ಯಾರೇಜಿನಲ್ಲೇ ಇವೆ. ನವರಾತ್ರಿಯಲ್ಲಿ ಹೀಗೆ ಕಾರಿನಲ್ಲಿ ಕೂತದ್ದು ಇದೇ ಮೊದಲು.

ದಾರಿಯುದ್ದಕ್ಕೂ ನೋಲೀನ್ ಮಾತು. ಸಿಡ್ನಿಯ ಒಂದು ಟೀವಿ ಧಾರಾವಾಹಿಯಲ್ಲಿ ಆಸ್ಪತ್ರೆಯ ಹೆಡ್ ನರ್ಸ್ ಆಗಿ ಒಂಬತ್ತು ವರ್ಷ. ರಸ್ತೆಯಲ್ಲಿ ಜನ ನಿಲ್ಲಿಸಿ ಮಂಡಿನೋವಿಗೆ ಔಷಧಿ ಕೇಳುತ್ತಿದ್ದರಂತೆ, ಇವರೂ ಹೇಳಿ ಕಳಿಸುತ್ತಿದ್ದರಂತೆ. ಒಂದು ಬೆಳಿಗ್ಗೆ ಮೇಕಪ್ ಕುರ್ಚಿಯಲ್ಲಿ ಕೂತು ಆ ವಾರದ ಸ್ಕ್ರಿಪ್ಟ್ ತೆರೆದರೆ, ಹೆಡ್ ನರ್ಸ್ ದೋಣಿಯಿಂದ ಬಿದ್ದು ಸತ್ತಿದ್ದಳು. ಯಾರೂ ಮೊದಲು ಹೇಳಿರಲಿಲ್ಲ. ವಯಸ್ಸು ನಲವತ್ತು ದಾಟಿತ್ತು, ಅಷ್ಟೇ ಕಾರಣ. ಶವದ ಹಾಗೆ ಮಲಗುವ ದೃಶ್ಯಕ್ಕೆ ಬೇರೆಯವರನ್ನು ಹಾಕಿಕೊಳ್ಳಿ ಎಂದು ಕೋಟು ಹಾಕಿಕೊಂಡು ಎದ್ದು ಹೋದರಂತೆ. ಆಮೇಲೆ ಲಂಡನ್. ಅಲ್ಲಿ ಯಾರಿಗೂ ಇವರು ಗೊತ್ತಿಲ್ಲ, ಬಾಗಿಲು ತೆರೆಯುವ ಹೆಂಗಸಿನ ಪಾತ್ರಗಳು. ವಾಪಸ್ ಹೋಗಿ ರಂಗಭೂಮಿಯಲ್ಲಿ ಮತ್ತೆ ಮೊದಲಿನಿಂದ ಶುರು ಮಾಡಿದರು. "ಐವತ್ತು ದಾಟಿದ ಮೇಲೆ ಆಡಿದ್ದೇ ನಾಟಕ. ಅದಕ್ಕೆ ಮೊದಲು ನಾನು ಚೆನ್ನಾಗಿ ಕಾಣ್ತಿದ್ದೆ ಅಷ್ಟೆ."

ಪರ್ತ್‌ನಿಂದ ಬರುವ ವಿಮಾನದಲ್ಲಿ ಸಿಕ್ಕವರು ರಾಯ್, ಟೆಕ್ಸಸ್‌ನ ಭೂವಿಜ್ಞಾನಿ. ಮದುವೆಯಾಗಿ ಇಲ್ಲಿಗೆ ಬಂದರು, ಕಾಲೇಜೊಂದರಲ್ಲಿ ಅಭಿನಯ ಕಲಿಸಿದರು. ಮಕ್ಕಳಿಲ್ಲ. ರಾಯ್ ತೀರಿಕೊಂಡ ಮೇಲೆ ಯಾರೂ ಪಾತ್ರ ಕೊಡಲು ಕರೆಯಲಿಲ್ಲ, ಡೀನಾ ಕರೆಯುವವರೆಗೆ.

ಇಷ್ಟು ಹೊತ್ತೂ ನಾನು ಮಾತಾಡಲಿಲ್ಲ. ಮಾತಾಡುವ ಅಗತ್ಯವೇ ಬೀಳಲಿಲ್ಲ.

ಸೆಪ್ಟೆಂಬರ್ 28, ಭಾನುವಾರ

ಇವತ್ತಿನ ಮಧ್ಯಾಹ್ನದ ಆಟದಲ್ಲಿ ಡಲ್ಸಿಯ ಹಾಗೆ ಮಾಡಲು ಹೋಗಿ ಕೆಡಿಸಿದೆ.

ಪರದೆಯ ಸಂದಿಯಿಂದ ಅವರ ಎದೆಯನ್ನೇ ನೋಡುತ್ತಿದ್ದೆ. ಅಡುಗೆಮನೆಯ ದೃಶ್ಯದಲ್ಲಿ ನಿಂತರು. ಉಸಿರು ಹಿಡಿದಿದ್ದಾರೆ ಎಂದುಕೊಂಡೆ. ಹಿಡಿದಿರಲಿಲ್ಲ. ಶಾಲು ದಪ್ಪಗಿತ್ತು, ನನಗೆ ಸರಿಯಾಗಿ ಕಾಣಲಿಲ್ಲ. ನಾನು ಸಾಲು ಕೊಡುವಷ್ಟರಲ್ಲಿ ಅವರು ಬೇರೆ ಎಲ್ಲಿಂದಲೋ ಮಾತು ಹಿಡಿದು ಕೊನೆಯ ಭಾಗಕ್ಕೆ ಹಾರಿಬಿಟ್ಟರು. ಮಧ್ಯದ ಒಂದು ದೃಶ್ಯವೇ ಹೋಯಿತು. ಕರ್ಟಿಸ್‌ನ ಕೈಯಲ್ಲಿದ್ದ ಅಳತೆಯ ಟೇಪು ಕೆಳಗೆ ಬಿತ್ತು. ಅವನು ಅದನ್ನು ಹೆಕ್ಕುತ್ತ ಏನೇನೋ ಪ್ರಶ್ನೆ ಕೇಳಿ ಹೇಗೋ ದಾರಿಗೆ ತಂದ. ಜನಕ್ಕೆ ಅರ್ಥವಾಯಿತೋ ಇಲ್ಲವೋ. ಡೀನಾಗೆ ಆಯಿತು.

ಗ್ರೀನ್ ರೂಮಿನಲ್ಲಿ ತಪ್ಪು ನನ್ನದು ಎಂದು ಹೇಳಿದೆ. ನೋಲೀನ್ ಕನ್ನಡಿಯಲ್ಲಿ ನನ್ನನ್ನೇ ನೋಡಿದರು. "ಹೌದು, ನಿನ್ನದೇ. ನಾಳೆ ಶಾಲು ಬೇಡ ಅಂತ ಹೇಳ್ತೀನಿ," ಎಂದರು. ಬೈಯಲಿಲ್ಲ. ಡಾಲಸ್‌ನಲ್ಲಿ ಸರಿಯಾಗಿ ಮಾಡಿದಾಗ ಬೈದಿದ್ದರು.

ಇನ್ನೊಂದು ಸಲ ಹೀಗಾದರೆ ಆಸ್ಟಿನ್ ಆಟ ನಿಲ್ಲಿಸುತ್ತೇನೆ ಎಂದು ಡೀನಾ ಹೇಳಿದ್ದಾಳೆ.

ಅಕ್ಟೋಬರ್ 3, ಶುಕ್ರವಾರ

ನಿನ್ನೆ ಸಂಹಿತಾ ಆಟ ನೋಡಿದಳು. ಇಂದು ಬೆಳಿಗ್ಗೆ ಸ್ಟಾಫರ್ಡ್‌ನ ಇಂಡಿಯನ್ ಅಂಗಡಿಗೆ ಹೋದಾಗ ಕೇಳಿದಳು, ಅವರಿಗೆ ಯಾವಾಗ ಸಾಲು ಬೇಕು ಅಂತ ನಿನಗೆ ಹೇಗೆ ಗೊತ್ತಾಗುತ್ತೆ ಎಂದು. ಉಸಿರಿನ ವಿಷಯ ಹೇಳಿದೆ. ಈಗ ಭುಜವನ್ನೂ ನೋಡುತ್ತೇನೆ, ಎಡಗೈ ಬೆರಳನ್ನೂ ನೋಡುತ್ತೇನೆ ಎಂದೆ. ನಿನ್ನೆ ಇಡೀ ಆಟದಲ್ಲಿ ನಾಲ್ಕಾರು ಕಡೆ ಮಾತ್ರ ಕೊಟ್ಟೆ ಎಂದೂ ಹೇಳಿದೆ. ತುಸು ಉದ್ದವಾಗಿಯೇ ಹೇಳಿದೆನೇನೋ, ಅವಳು ತಳ್ಳುಗಾಡಿ ನಿಲ್ಲಿಸಿಕೊಂಡು ನಿಂತಿದ್ದಳು.

"ವಾವ್," ಎಂದಳು. ಆಮೇಲೆ, ಅಪ್ಪ ಆಸ್ಟಿನ್ ಹತ್ತಿರ ಒಂದು ಗುಂಪಿಗೆ ಹೋಗುತ್ತಾರೆ, ನಿನಗೆ ಗೊತ್ತಾ ಎಂದು ಕೇಳಿದಳು. ತೊದಲು ಇರುವವರು ವಾರಕ್ಕೊಮ್ಮೆ ಲೈಬ್ರರಿಯಲ್ಲಿ ಸೇರುತ್ತಾರಂತೆ. ಒಬ್ಬೊಬ್ಬರೂ ಮಾತಾಡುತ್ತಾರೆ, ಉಳಿದವರು ಅವರು ಮುಗಿಸುವ ತನಕ ಸುಮ್ಮನಿರುತ್ತಾರೆ. ಅದೊಂದೇ ಅಲ್ಲಿಯ ನಿಯಮ. ಫೆಬ್ರವರಿಯಿಂದ ಹೋಗುತ್ತಿದ್ದಾರೆ.

ನನಗೆ ಗೊತ್ತಿರಲಿಲ್ಲ.

ತೊಗರಿಬೇಳೆ, ಹುರುಳಿಕಾಳು, ಕರಿಬೇವು ತೆಗೆದುಕೊಂಡೆವು. ಉಪ್ಪಿಟ್ಟಿನ ರವೆ ಮರೆತೆ. ವಾಪಸ್ ಹೋಗಿ ತರಲು ಮನಸ್ಸಾಗಲಿಲ್ಲ. ಕಾರಿನಲ್ಲಿ ಕೂತ ಮೇಲೆ, ಅಪ್ಪ ಅಲ್ಲಿ ಏನು ಮಾತಾಡುತ್ತಾರೆ ಎಂದು ಕೇಳಿದೆ. "ಐ ಡೋಂಟ್ ನೋ, ಅಮ್ಮಾ. ಆಸ್ಕ್ ಹಿಮ್," ಎಂದಳು.

ಅಕ್ಟೋಬರ್ 4, ಶನಿವಾರ

ಎರಡು ಆಟ. ತಲೆನೋವು.

ಅಕ್ಟೋಬರ್ 8, ಬುಧವಾರ. ಆಸ್ಟಿನ್

ದಾರಿಯಲ್ಲಿ ನೋಲೀನ್ ಹೆಡ್ ನರ್ಸ್ ಸತ್ತ ಕತೆಯನ್ನು ಮತ್ತೆ ಹೇಳಿದರು, ಹೊಸದೆಂಬಂತೆ. ಈ ಸಲ ದೋಣಿಯ ಬದಲು ಕುದುರೆಯಿಂದ ಬಿದ್ದಳು. ಕೋಟು ಹಾಕಿಕೊಂಡು ಎದ್ದು ಹೋದದ್ದು ಮಾತ್ರ ಅದೇ. ಹೋಗಿ ಸ್ಟುಡಿಯೋ ಹಿಂದಿನ ಬಸ್ ಸ್ಟಾಪಿನಲ್ಲಿ ಕೂತು ಅತ್ತೆ ಎಂದರು. ಮೊದಲ ಸಲ ಅದನ್ನು ಹೇಳಿರಲಿಲ್ಲ. ದೋಣಿ ಎಂದು ನಾನು ತಿದ್ದಿದ್ದರೆ ಬಸ್ ಸ್ಟಾಪಿನ ತನಕ ಮಾತು ಹೋಗುತ್ತಿರಲಿಲ್ಲ.

ಅವರ ತಂಗಿಯ ಮಗಳು ಗ್ವೆನ್ ಆಸ್ಟ್ರೇಲಿಯಾದಿಂದ ಬಂದಿದ್ದಾಳೆ. ಭಾನುವಾರದ ಆಟ ಮುಗಿದ ಮೇಲೆ ನೋಲೀನ್‌ರನ್ನು ಕರೆದುಕೊಂಡು ಹೋಗುತ್ತಾಳೆ. ಬೇಸಿಗೆಯಲ್ಲೇ ನಿರ್ಧಾರವಾಗಿತ್ತಂತೆ. ಅವರ ಕಾಪೆಲ್ ಮನೆ ಮಾರಾಟಕ್ಕೆ. ಇಷ್ಟು ದಿನ ಮನೆ ಮಾರುವ ಮುದುಕಿಯ ಪಾತ್ರ ಅಭ್ಯಾಸ ಮಾಡಿದರಲ್ಲ, ಒಮ್ಮೆಯೂ ನನಗೆ ಇದನ್ನು ಹೇಳಿರಲಿಲ್ಲ. ಕೇಳಿದ್ದಕ್ಕೆ, "ಹೇಳಿದ್ದರೆ ನೀನು ಪ್ರತಿ ಸಾಲನ್ನೂ ಕನಿಕರದಿಂದ ಓದ್ತಿದ್ದೆ," ಎಂದರು. ನಿಜವಿರಬಹುದು.

ಜಯತೀರ್ಥರಿಗೆ ಆಸ್ಟಿನ್‌ಗೆ ಬಂದಿದ್ದೇನೆ ಎಂದು ಮೆಸೇಜ್ ಮಾಡಿದೆ. ಇಲ್ಲಿಂದ ಟೇಲರ್‌ಗೆ ಒಂದು ಗಂಟೆಯೂ ಇಲ್ಲ. ಜನವರಿಯಿಂದ ನಾನು ಅಲ್ಲಿಗೆ ಒಮ್ಮೆಯೂ ಹೋಗಿಲ್ಲ. ಅವರು ಕರೆದಿರಲಿಲ್ಲ, ನಾನೂ ಕೇಳಿರಲಿಲ್ಲ. ಸಂಜೆ ಉತ್ತರ ಬಂತು: ಕೆಲಸ ಮುಗದ ಮ್ಯಾಲೆ ಬರೂದಿದ್ರ ಬಾ. ಸೋಮವಾರ ನಂಗ ರಜಾ.

ಅಕ್ಟೋಬರ್ 12, ಭಾನುವಾರ

ಕೊನೆಯ ಆಟ. ನೆನಪಿರುವಾಗಲೇ ಎಲ್ಲ ಬರೆದುಬಿಡುತ್ತೇನೆ.

ಥಿಯೇಟರ್ ತುಂಬಿತ್ತು. ಡೀನಾಳ ಅಪ್ಪ ಅಮ್ಮ ಮುಂದಿನ ಸಾಲಿನಲ್ಲಿದ್ದರು, ಗ್ವೆನ್ ಅವರ ಪಕ್ಕ. ಮೊದಲ ಭಾಗದಲ್ಲಿ ನಾನು ಒಂದೇ ಒಂದು ಸಾಲು ಕೊಟ್ಟೆ. ಎರಡನೆಯ ಭಾಗದಲ್ಲಿ ಮುದುಕಿ ಕೊಳ್ಳುವವನಿಗೆ ಚಹಾ ಮಾಡಿಕೊಡುವ ದೃಶ್ಯವಿದೆ. ನೋಲೀನ್ ಕಪ್ಪು ಜೋಡಿಸುತ್ತ, ಕೂದಲು ಸರಿಮಾಡಿಕೊಳ್ಳುವ ಹಾಗೆ ಕಿವಿಗೆ ಕೈ ಹಾಕಿದರು. ಇಯರ್‌ಪೀಸ್ ತೆಗೆದು ಸಕ್ಕರೆಯ ಬಟ್ಟಲಿನೊಳಗೆ ಇಟ್ಟರು, ಮುಚ್ಚಳ ಮುಚ್ಚಿದರು. ಜನರ ಕಡೆಯಿಂದ ಏನೂ ಕಾಣುವಂತಿರಲಿಲ್ಲ. ನನಗೆ ಕಂಡಿತು, ಕರ್ಟಿಸ್‌ಗೂ ಕಂಡಿತು. ನನ್ನ ಕೈಯಲ್ಲಿ ಮೈಕ್ ಇತ್ತು. ನಾನು ಹೇಳುವುದೆಲ್ಲ ಇನ್ನು ಸಕ್ಕರೆಗೆ.

ಡೀನಾ ಹಿಂದಿನಿಂದ ಬಂದು ನನ್ನ ಭುಜ ಹಿಡಿದಳು. ಏನಾಯಿತು ಎಂದು ಪಿಸುಗುಟ್ಟಿದಳು. ತೋರಿಸಿದೆ. ಬೆಳಕು ಆರಿಸಿ ಆಟ ನಿಲ್ಲಿಸಲೇ ಎಂದು ಕೇಳಿದಳು. ಬೇಡ, ತಡೆ ಎಂದೆ. ಅವಳು ನಿರ್ದೇಶಕಿ, ನಾನು ಸಾಲು ಓದುವವಳು. ಆದರೂ ತಡೆದಳು.

ಮೂರು ಪುಟ ನೋಲೀನ್ ತಪ್ಪಿಲ್ಲದೆ ನಡೆದರು. ಆಮೇಲೆ ಕರ್ಟಿಸ್ ಆ ಪ್ರಶ್ನೆ ಕೇಳಿದ: ನಿಮ್ಮ ಮಗ ಮಲಗುತ್ತಿದ್ದ ಕೋಣೆ ಯಾವುದು? ಉತ್ತರ ಡೀನಾ ಬರೆದದ್ದು ನನಗೆ ಬಾಯಿಗೇ ಇದೆ. ಪೂರ್ವದ ಕೋಣೆ, ಬಿಸಿಲು ಬಂದು ಅವನನ್ನು ಎಬ್ಬಿಸುತ್ತಿತ್ತು.

ನೋಲೀನ್ ಹೇಳಲಿಲ್ಲ. ಎದ್ದು ಒಂದು ಬಾಗಿಲ ಕಡೆ ನೋಡಿದರು, ಇನ್ನೊಂದರ ಕಡೆ ನೋಡಿದರು. ಕೈ ಕುರ್ಚಿಯ ಬೆನ್ನು ಹುಡುಕಿತು. ಉಸಿರು ಹಿಡಿದದ್ದೋ ಬಿಟ್ಟದ್ದೋ, ಇಷ್ಟು ದಿನ ನೋಡಿದ ನನಗೂ ಹೇಳಲಾಗಲಿಲ್ಲ. ಜನ ಒಬ್ಬರೂ ಕೆಮ್ಮಲಿಲ್ಲ. ನಾನು ಬಾಯಿ ಮುಚ್ಚಿಕೊಂಡು ನಿಂತಿದ್ದೆ, ತೆರೆದರೂ ಪ್ರಯೋಜನವಿರಲಿಲ್ಲ. ಕರ್ಟಿಸ್ ಸಹಾಯಕ್ಕೆ ಬರಬಹುದಿತ್ತು. ಅವನೂ ಕಾದ.

"ನೆನಪಿಲ್ಲ," ಎಂದರು ನೋಲೀನ್. ಮತ್ತೆ ಸ್ವಲ್ಪ ಹೊತ್ತು. "ಆದರೆ ಅಲ್ಲಿ ಯಾರೋ ಮಲಗ್ತಾ ಇದ್ದರು."

ಡೀನಾಳ ಕೈ ನನ್ನ ಭುಜದಿಂದ ಜಾರಿತು. ಅಲ್ಲಿಂದ ಕೊನೆಯವರೆಗೆ ನೋಲೀನ್ ಹೇಳಿದ್ದರಲ್ಲಿ ಅರ್ಧ ಡೀನಾ ಬರೆದದ್ದು, ಅರ್ಧ ಯಾರದೋ. ಮನೆ ಮಾರಾಟವಾಯಿತು, ಮುದುಕಿ ಬೀಗದ ಕೈ ಕೊಟ್ಟಳು, ಬೆಳಕು ಆರಿತು. ಜನ ಎದ್ದು ನಿಂತರು.

ಗ್ರೀನ್ ರೂಮಿನಲ್ಲಿ ಡೀನಾ ಅಳುತ್ತಿದ್ದಳು. ಆ ಸಾಲನ್ನು ನಾಟಕದಲ್ಲಿ ಹಾಗೇ ಇಟ್ಟುಕೊಳ್ಳುತ್ತೇನೆ ಎಂದಳು. ಅವಳು ಹೋದ ಮೇಲೆ ನಾನು ನೋಲೀನ್‌ರನ್ನು ಕೇಳಿದೆ, ನಿಜವಾಗಿ ಮರೆತಿದ್ದಿರಾ ಅಥವಾ ಬೇಕೆಂದು ಮಾಡಿದಿರಾ ಎಂದು. ಅವರು ಹತ್ತಿಯಿಂದ ಮುಖದ ಬಣ್ಣ ಒರೆಸುತ್ತಿದ್ದರು.

"ನಿನಗೇನು ಅನ್ನಿಸಿತು?"

ಗೊತ್ತಾಗಲಿಲ್ಲ ಎಂದೆ.

"ಒಳ್ಳೇದು," ಎಂದರು. "ನನಗೂ."

ಅಕ್ಟೋಬರ್ 13, ಸೋಮವಾರ. ಟೇಲರ್

ಬೆಳಿಗ್ಗೆ ಹೋಟೆಲಿನ ಮುಂದೆ ನೋಲೀನ್‌ರನ್ನು ಬೀಳ್ಕೊಟ್ಟೆ. ಗ್ವೆನ್ ಸೂಟ್‌ಕೇಸುಗಳನ್ನು ಟ್ಯಾಕ್ಸಿಗೆ ಹಾಕಿಸುತ್ತಿದ್ದಳು. ನೋಲೀನ್ ನನ್ನನ್ನು ನೋಡಿ ನಕ್ಕರು, ಹೆಸರು ಹುಡುಕಿದರು, ಎರಡು ಅಕ್ಷರವೂ ಇಲ್ಲದ ಹೆಸರು. ನಾನು ನಿಂತೇ ಇದ್ದೆ. ಗ್ವೆನ್ ಹೇಳಹೊರಟಳು, ನಾನು ಕೈ ಅಡ್ಡ ಹಿಡಿದೆ. ಹೆಸರು ಸಿಗಲಿಲ್ಲ. ನೋಲೀನ್ ನನ್ನ ಕೆನ್ನೆಗೆ ಕೈಯಿಟ್ಟು, "ನನ್ನ ಕಿವಿಯಲ್ಲಿ ಇದ್ದವಳು," ಎಂದರು. ಅಷ್ಟು ಸಾಕಾಗಿತ್ತು.

ಆಮೇಲೆ ಟೇಲರ್. ಜಯತೀರ್ಥರ ಅಪಾರ್ಟ್‌ಮೆಂಟ್ ಎರಡನೆಯ ಮಹಡಿಯಲ್ಲಿದೆ. ಒಂದು ಹಾಲು, ಒಂದು ಕೋಣೆ, ದೇವರ ಪಟಕ್ಕೆ ಅಡುಗೆಮನೆಯ ಶೆಲ್ಫಿನಲ್ಲೇ ಜಾಗ. ಎಲ್ಲ ಚೊಕ್ಕಟವಾಗಿತ್ತು. ಚಹಾ ಅವರೇ ಮಾಡಿದರು. ಇಬ್ಬರೂ ಮೇಜಿನ ಎರಡು ಕಡೆ ಕೂತೆವು. ನೋಲೀನ್ ವಿಷಯ ಕೇಳಿದರು, ಹೇಳಿದೆ. ಸಕ್ಕರೆ ಬಟ್ಟಲಿನ ಕತೆಗೆ ನಕ್ಕರು. ಆಮೇಲೆ ಕಪ್ಪನ್ನು ಸರಿಸಿಟ್ಟು ನನ್ನ ಕಡೆ ನೋಡಿದರು.

"ನಾ ಇಲ್ಲಿಗೆ ಬಂದದ್ದು," ಎಂದರು. "ನಾ ಇಲ್ಲಿಗೆ ಬಂದದ್ದು ನಿ... ನಿ..."

ನಿನ್ನಿಂದ ದೂರ ಇರಲಿಕ್ಕೆ. ವಾಕ್ಯ ನನ್ನಲ್ಲಿ ಪೂರ್ತಿ ಸಿದ್ಧವಾಗಿತ್ತು. ಜನವರಿಯಿಂದಲೇ ಸಿದ್ಧವಾಗಿತ್ತು ಎಂದು ಆಗ ತಿಳಿಯಿತು. ನಾನೇ ಹೇಳಿಬಿಟ್ಟರೆ ಇಬ್ಬರಿಗೂ ಕಷ್ಟ ತಪ್ಪುತ್ತಿತ್ತು. ಜಯತೀರ್ಥರ ಗದ್ದ ಮೇಲೆದ್ದಿತ್ತು, ಕಣ್ಣು ಮುಚ್ಚಿತ್ತು. ಕೆಳಗೆ ಯಾವುದೋ ಟ್ರಕ್ಕು ಹಿಂದಕ್ಕೆ ಬರುತ್ತ ಬೀಪ್ ಬೀಪ್ ಎನ್ನುತ್ತಿತ್ತು. ಅದು ನಿಂತಿತು. ಅವರ ಕೈ ಮೇಜಿನ ಮೇಲೆ ಒಮ್ಮೆ ಬಿಗಿಯಾಯಿತು, ಸಡಿಲವಾಯಿತು. ನಾನು ಕೂತೇ ಇದ್ದೆ.

"ನಿಧಾನ ಮಾತಾಡಲಿಕ್ಕೆ," ಎಂದರು.

ಕಣ್ಣು ತೆರೆದು ನನ್ನ ಬಾಯಿಯ ಕಡೆ ನೋಡಿದರು, ಇನ್ನೇನು ಬರುತ್ತದೋ ಎಂಬಂತೆ. ನಾನು ಏನೂ ಹೇಳಲಿಲ್ಲ. ಆಮೇಲೆ ಬಹಳ ಹೇಳಿದರು. ಕೆಲವು ನನ್ನ ಮೇಲಿನ ದೂರುಗಳು, ಹಳೆಯವು, ನ್ಯಾಯವಾದವು. ಕೆಲವು ಅವರ ಗುಂಪಿನ ವಿಷಯ. ಅಲ್ಲೊಬ್ಬ ಚನ್ನವೀರಪ್ಪ ಇದ್ದಾರಂತೆ, ರಾಣೆಬೆನ್ನೂರಿನವರು, ಅವರಿಗೆ ಇವರಿಗಿಂತ ಹೆಚ್ಚು ತೊದಲು, ಆದರೂ ಎಲ್ಲರಿಗಿಂತ ಹೆಚ್ಚು ಜೋಕು ಹೇಳುತ್ತಾರೆ. ಕಾಪೆಲ್‌ಗೆ ಯಾವಾಗ ಬರುತ್ತಾರೆ, ಬರುತ್ತಾರೋ ಇಲ್ಲವೋ, ಅದನ್ನು ಹೇಳಲಿಲ್ಲ. ನಾನೂ ಕೇಳಲಿಲ್ಲ. ಮಾತಿನ ನಡುವೆಯೇ ಎದ್ದು ಅಕ್ಕಿ ತೊಳೆದಿಟ್ಟರು.

ಇವತ್ತು ಹೊರಡಲಾಗಲಿಲ್ಲ. ಊಟವಾಯಿತು. ಇದನ್ನು ಅವರ ಮೇಜಿನ ಮೇಲೇ ಬರೆಯುತ್ತಿದ್ದೇನೆ. ಅವರು ಒಳಗೆ ಪಾತ್ರೆ ತೊಳೆಯುತ್ತಿದ್ದಾರೆ. ಈಗಷ್ಟೇ ನಲ್ಲಿ ನಿಲ್ಲಿಸಿ ಅಲ್ಲಿಂದಲೇ ಏನೋ ಹೇಳಲು ಶುರು ಮಾಡಿದ್ದಾರೆ, ಮೊದಲ ಅಕ್ಷರ ಇನ್ನೂ ಬಂದಿಲ್ಲ.